ಮನಶ್ಶಾಸ್ತ್ರದಿಂದ ರಂಗಭೂಮಿಗೆ: ವೃತ್ತಿ ಬದಲಾಗಲಿ, ವಿದ್ಯೆ ಉಳಿಯಲಿ

ವೃತ್ತಿಯ ಆಯ್ಕೆಯೆಂಬುದು ಮನುಷ್ಯನ ಜೀವಿತದಲ್ಲಿ ವಿವಾಹದಷ್ಟೇ ಗಂಭೀರವಾದ ವಿಷಯ. ತಾತಂದಿರ ಕಾಲದಲ್ಲಿ ಅದು ಆಯ್ಕೆಯೇ ಆಗಿರಲಿಲ್ಲ. ಮನೆತನದ ಕಸುಬು ಮಗನ ಕೈಗೆ ತಾನಾಗಿಯೇ ಬರುತ್ತಿತ್ತು. ತಂದೆಯರ ಕಾಲಕ್ಕೆ ಪದವಿ, ಅದರ ಬೆನ್ನಿಗೆ ನೌಕರಿ, ಅದರ ತುದಿಯಲ್ಲಿ ನಿವೃತ್ತಿವೇತನ ಎಂಬ ಮೂರು ಮೆಟ್ಟಿಲುಗಳ ಸೋಪಾನವೊಂದು ಸಿದ್ಧವಾಯಿತು. ಮಕ್ಕಳ ಕಾಲದಲ್ಲಾದರೋ ಆ ಸೋಪಾನದ ನಡುಮೆಟ್ಟಿಲಿನಿಂದ ಪಕ್ಕಕ್ಕೆ ಜಿಗಿಯುವವರನ್ನು ಮನೆಮನೆಯಲ್ಲಿಯೂ ಕಾಣಬಹುದಾಗಿದೆ. ಎಂಜಿನಿಯರು ಹೋಟೆಲು ತೆರೆಯುತ್ತಾನೆ; ವೈದ್ಯೆ ಸಂಗೀತ ಕಲಿಸುತ್ತಾಳೆ. ಹಿರಿಯರು ಒಂದೆರಡು ತಿಂಗಳು ಮುನಿಸಿಕೊಂಡು ಆಮೇಲೆ ಒಪ್ಪಿಕೊಳ್ಳುತ್ತಾರೆ.

ಆದರೆ ಮನಶ್ಶಾಸ್ತ್ರದಲ್ಲಿ ಸ್ನಾತಕೋತ್ತರ ಪದವಿ ಪಡೆದು, ನೊಂದವರ ಮಾತನ್ನು ಕೇಳುವ ಕೆಲಸಕ್ಕೆ ನಿಂತವರು ಒಂದು ದಿನ ಅದನ್ನು ಬಿಟ್ಟು, ಅಭಿನಯವೇ ತಮ್ಮ ಬಾಳೆಂದು ಹೊರಟರೆ ಹಿರಿಯರು ತೀರ ಕಂಗೆಡುತ್ತಾರೆ. ಮಾಧವರಂ ಹಾಲಿನ ಕಾಲೋನಿಯ ಆಸುಪಾಸಿನಲ್ಲಿ ಬಾಡಿಗೆ ಮನೆಯಿಂದ ಸ್ವಂತ ಮನೆಗೆ ಬರಲು ಇಪ್ಪತ್ತು ವರ್ಷ ದುಡಿದ ಕನ್ನಡ ಕುಟುಂಬವೊಂದನ್ನು ಊಹಿಸಿಕೊಳ್ಳಬಹುದು. ಮಗಳನ್ನು ಓದಿಸಲು ತಾಯಿ ಬಳೆ ಅಡವಿಟ್ಟಿದ್ದಾಳೆ. ತಂದೆ ವಿದ್ಯಾಭ್ಯಾಸ ಸಾಲದ ಕಾಗದಕ್ಕೆ ಸಹಿ ಹಾಕಿದ್ದಾನೆ. ಆ ಮಗಳು ನಾಟಕದ ಮಾತೆತ್ತಿದರೆ, “ಎಂ.ಎ. ಓದಿದ್ದು ಮುಖಕ್ಕೆ ಬಣ್ಣ ಹಚ್ಚಿಕೊಳ್ಳುವುದಕ್ಕೇನಮ್ಮಾ?” ಎಂಬ ಪ್ರಶ್ನೆ ಹುಟ್ಟದಿರುವುದು ಸಾಧ್ಯವೇ? ಈ ಪ್ರಶ್ನೆಯನ್ನು ಹಳೆಯ ಕಾಲದವರ ಮೌಢ್ಯವೆಂದು ತಳ್ಳಿಹಾಕುವುದು ಸುಲಭ. ಯುವಕರ ಹಟವನ್ನು ಹುಚ್ಚೆಂದು ಹಳಿಯುವುದು ಇನ್ನೂ ಸುಲಭ. ಎರಡನ್ನೂ ಬದಿಗಿಟ್ಟು ಸಮಚಿತ್ತದಿಂದ ವಿಚಾರ ಮಾಡುವುದು ಲೇಸು.

ಎರಡು ವಿದ್ಯೆಗಳ ನಂಟು

ಮನಶ್ಶಾಸ್ತ್ರಕ್ಕೂ ಅಭಿನಯಕ್ಕೂ ಇರುವ ಸಂಬಂಧ ನಿನ್ನೆ ಮೊನ್ನೆಯದಲ್ಲ. ಭರತನ ನಾಟ್ಯಶಾಸ್ತ್ರವು ಎಂಟು ಸ್ಥಾಯಿಭಾವಗಳನ್ನೂ ಮೂವತ್ತಮೂರು ಸಂಚಾರಿಭಾವಗಳನ್ನೂ ಎಂಟು ಸಾತ್ವಿಕಭಾವಗಳನ್ನೂ ಎಣಿಸಿ ಹೇಳಿದೆ. ಬೆವರು, ರೋಮಾಂಚ, ನಡುಕ, ಕಣ್ಣೀರು ಮೊದಲಾದ ದೇಹದ ವಿಕಾರಗಳಿಗೆ ಮನಸ್ಸಿನ ಯಾವ ಸ್ಥಿತಿ ಕಾರಣವೆಂಬುದನ್ನು ಅಲ್ಲಿ ವಿಚಾರಿಸಲಾಗಿದೆ. ಮನೋವಿಜ್ಞಾನವು ಪ್ರಯೋಗಶಾಲೆಯನ್ನು ಸೇರುವುದಕ್ಕೆ ಎಷ್ಟೋ ಶತಮಾನಗಳ ಮೊದಲೇ ನಟನು ಅದರ ವಿದ್ಯಾರ್ಥಿಯಾಗಿದ್ದನು.

ಪಶ್ಚಿಮದಲ್ಲಿಯೂ ಹೀಗೆಯೇ ನಡೆಯಿತು. ರಷ್ಯದ ನಾಟಕಾಚಾರ್ಯ ಸ್ತಾನಿಸ್ಲಾವ್ಸ್ಕಿಯು, ನಟನು ತನ್ನ ಹಳೆಯ ಅನುಭವದ ಭಾವವನ್ನು ಮತ್ತೆ ಕರೆದುಕೊಳ್ಳಬೇಕೆಂದು ಬೋಧಿಸಿದಾಗ, ಆ ಕಲ್ಪನೆಯನ್ನು ಫ್ರಾನ್ಸಿನ ಮನಶ್ಶಾಸ್ತ್ರಜ್ಞ ರಿಬೋ ಎಂಬಾತನ ಗ್ರಂಥಗಳಿಂದ ಪಡೆದಿದ್ದನು. ವಿಯೆನ್ನಾದ ವೈದ್ಯ ಜೇಕಬ್ ಮೊರೆನೋ (1889-1974) ಇದಕ್ಕೆ ತಿರುಗುಮುರುಗಾಗಿ ನಾಟಕವನ್ನೇ ಚಿಕಿತ್ಸೆಯನ್ನಾಗಿ ಮಾಡಿದನು. ರೋಗಿ ತನ್ನ ಸಂಕಟವನ್ನು ಬರಿದೆ ಹೇಳುವುದಕ್ಕಿಂತ ಅದನ್ನು ಆಡಿ ತೋರಿಸಿದರೆ ಗಂಟು ಸಡಿಲವಾಗುವುದೆಂದು ಆತನ ಮತ. 1925ರಲ್ಲಿ ಅಮೆರಿಕೆಗೆ ಹೋದ ಮೇಲೆ ಆತನು ಸ್ಥಾಪಿಸಿದ ಚಿಕಿತ್ಸಾಲಯದಲ್ಲಿ ರಂಗಮಂದಿರವೂ ಇದ್ದಿತು. ಮನೋನಾಟಕವೆಂದು ಹೆಸರಾದ ಈ ಪದ್ಧತಿ ಇಂದಿಗೂ ಬಳಕೆಯಲ್ಲಿದೆ.

ಕನ್ನಡನಾಡಿನ ಉದಾಹರಣೆಯೊಂದನ್ನು ಇಲ್ಲಿ ಮರೆಯುವಂತಿಲ್ಲ. ಮೈಸೂರು ವಿಶ್ವವಿದ್ಯಾನಿಲಯದಲ್ಲಿ 1924ರಲ್ಲಿ ಮನಶ್ಶಾಸ್ತ್ರ ವಿಭಾಗವನ್ನು ಕಟ್ಟಿದವರು ಲಂಡನ್ನಿನಲ್ಲಿ ಸ್ಪಿಯರ್‌ಮನ್ನನ ಬಳಿ ಅಭ್ಯಾಸ ಮಾಡಿ ಬಂದಿದ್ದ ಎಂ. ವಿ. ಗೋಪಾಲಸ್ವಾಮಿಯವರು. ಅವರೇ 1935ರಲ್ಲಿ ತಮ್ಮ ಮನೆಯಲ್ಲಿ ಒಂದು ಬಾನುಲಿ ಕೇಂದ್ರವನ್ನು ಆರಂಭಿಸಿದರು. ‘ಆಕಾಶವಾಣಿ’ ಎಂಬ ಹೆಸರು ಆ ಮನೆಯಿಂದ ಹೊರಟು, ಮುಂದೆ ದೇಶದ ಬಾನುಲಿಗೆಲ್ಲ ಹೆಸರಾಯಿತು. ಮನಸ್ಸನ್ನು ಅಳೆಯುತ್ತಿದ್ದ ಪ್ರಾಧ್ಯಾಪಕರು ಧ್ವನಿಯ ಮೂಲಕ ಸಾವಿರಾರು ಮನಸ್ಸುಗಳನ್ನು ಮುಟ್ಟಲು ಹೊರಟರು. ಆದರೆ ಅಧ್ಯಾಪನವನ್ನು ಬಿಟ್ಟು ಹೋಗಲಿಲ್ಲ. ಮೈಸೂರಿನಲ್ಲಿ ಮನಶ್ಶಾಸ್ತ್ರ ಓದಿದ ತ್ರಿವೇಣಿಯವರು ಆ ಅರಿವನ್ನು ಕಾದಂಬರಿಗೆ ತಂದರು. ಅವರ ‘ಶರಪಂಜರ’ ಪುಟ್ಟಣ್ಣ ಕಣಗಾಲರ ಕೈಯಲ್ಲಿ ಚಲನಚಿತ್ರವಾಯಿತು. ಮಾನಸಿಕ ಆಸ್ಪತ್ರೆಯಿಂದ ಗುಣಮುಖಳಾಗಿ ಮನೆಗೆ ಮರಳಿದ ಹೆಂಗಸನ್ನು ಮನೆಯವರೂ ನೆರೆಯವರೂ ಮತ್ತೆ ರೋಗಕ್ಕೆ ದೂಡುವ ಪರಿಯನ್ನು ಕಲ್ಪನಾ ಅಭಿನಯಿಸಿ ತೋರಿಸಿದಾಗ, ಎಷ್ಟೋ ಉಪನ್ಯಾಸಗಳು ಮಾಡಲಾರದ ಕೆಲಸ ಒಂದು ಪಾತ್ರದಿಂದ ನಡೆಯಿತು.

ಇಷ್ಟರಿಂದ ಮನಶ್ಶಾಸ್ತ್ರ ಬಲ್ಲವರೆಲ್ಲ ಒಳ್ಳೆಯ ನಟರಾಗುವರೆಂದು ತಿಳಿಯಬಾರದು. ಪಾಕಶಾಸ್ತ್ರ ಓದಿದವನ ಕೈಯ ಸಾರು ರುಚಿಯಾಗಿರಲೇಬೇಕೆಂಬ ನಿಯಮವಿಲ್ಲ. ದುಃಖದ ಕಾರಣವನ್ನು ಬಲ್ಲುದು ಒಂದು. ಆ ದುಃಖ ಹಿಂದಿನ ಸಾಲಿನಲ್ಲಿ ಕುಳಿತವನಿಗೂ ತಲುಪುವಂತೆ ಧ್ವನಿಯನ್ನೂ ಬೆನ್ನೆಲುಬನ್ನೂ ಪಳಗಿಸುವುದು ಮತ್ತೊಂದು. ಇನ್ನೂ ಒಂದು ಭೇದವಿದೆ. ಆಪ್ತಸಲಹೆಗಾರನು ತನ್ನನ್ನು ಮರೆಮಾಡಿಕೊಂಡು ಎದುರಿನವನಿಗೆ ಎಡೆ ಮಾಡಿಕೊಡುತ್ತಾನೆ. ನಟನು ನೂರಾರು ಜನರ ದೃಷ್ಟಿಗೆ ತನ್ನನ್ನೇ ಒಡ್ಡಿಕೊಳ್ಳುತ್ತಾನೆ. ಒಂದರಲ್ಲಿ ಪಳಗಿದ ಮನಸ್ಸು ಇನ್ನೊಂದಕ್ಕೆ ಹೊರಳಲು ವರ್ಷಗಳ ಸಾಧನೆ ಬೇಕು.

ಆ ದಾರಿಯಲ್ಲಿ ನಡೆದವರು

ಹಿಂದೆ ಇಂಥ ಬದಲಾವಣೆ ಮಾಡಿದವರ ಬಾಳನ್ನು ಪರಿಶೀಲಿಸಿದರೆ ಒಂದು ಸಂಗತಿ ಸ್ಪಷ್ಟವಾಗುತ್ತದೆ: ಅವರಾರೂ ಕಣ್ಣುಮುಚ್ಚಿ ಹಾರಿದವರಲ್ಲ.

ಮೊದಲು ಚೆನ್ನೈ ನಗರದ್ದೇ ನಿದರ್ಶನ. ಗಿರೀಶ ಕಾರ್ನಾಡರು ಧಾರವಾಡದಲ್ಲಿ ಗಣಿತ ಮತ್ತು ಸಂಖ್ಯಾಶಾಸ್ತ್ರದ ಪದವಿ ಪಡೆದು, ಆಕ್ಸ್‌ಫರ್ಡಿನಲ್ಲಿ ಓದಿ, 1963ರಿಂದ 1970ರ ತನಕ ಮದರಾಸಿನಲ್ಲಿ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್ಸಿನ ಅಧಿಕಾರಿಯಾಗಿದ್ದರು. ಹಗಲು ಗ್ರಂಥ ಪ್ರಕಟಣೆಯ ಕೆಲಸ, ಸಂಜೆ ‘ಮದ್ರಾಸ್ ಪ್ಲೇಯರ್ಸ್’ ಹವ್ಯಾಸಿ ತಂಡದ ಸಹವಾಸ. ‘ತುಘಲಕ್’ ನಾಟಕ 1964ರಲ್ಲಿ, ಅಂದರೆ ಅವರು ನೌಕರಿಯಲ್ಲಿದ್ದಾಗಲೇ, ಪ್ರಕಟವಾಯಿತು. ಇದೇ ನಗರದಲ್ಲಿದ್ದ ತೆಲುಗು ಕವಿ ಪಟ್ಟಾಭಿರಾಮ ರೆಡ್ಡಿಯವರು ಯು. ಆರ್. ಅನಂತಮೂರ್ತಿಯವರ ‘ಸಂಸ್ಕಾರ’ವನ್ನು 1970ರಲ್ಲಿ ಚಿತ್ರವಾಗಿಸಿದಾಗ ಕಾರ್ನಾಡರು ಪ್ರಾಣೇಶಾಚಾರ್ಯರಾದರು, ಇಂಗ್ಲಿಷ್ ಅಧ್ಯಾಪಕರಾಗಿದ್ದ ಪಿ. ಲಂಕೇಶರು ನಾರಣಪ್ಪನಾದರು. ಮದರಾಸಿನ ಸೆನ್ಸಾರ್ ಮಂಡಳಿ ಮೊದಲು ತಡೆದ ಆ ಚಿತ್ರ ಮುಂದೆ ರಾಷ್ಟ್ರದ ಅತ್ಯುತ್ತಮ ಚಿತ್ರವೆಂಬ ಸ್ವರ್ಣಕಮಲವನ್ನು ಪಡೆಯಿತು. ಕಾರ್ನಾಡರು ನೌಕರಿಗೆ ರಾಜೀನಾಮೆ ಇತ್ತುದು 1970ರಲ್ಲಿ. ಆಗ ಅವರ ಬೆನ್ನಿಗೆ ಏಳು ವರ್ಷಗಳ ಸಂಬಳವೂ ಕೈಯಲ್ಲಿ ಹೋಮಿ ಭಾಭಾ ವಿದ್ವದ್ವೇತನವೂ ಇದ್ದುವು.

ಡಾಕ್ಟರ್ ಶ್ರೀರಾಮ ಲಾಗೂ ಅವರು ಕಿವಿ, ಮೂಗು, ಗಂಟಲಿನ ಶಸ್ತ್ರವೈದ್ಯರು. ಪುಣೆಯಲ್ಲಿಯೂ ಆಫ್ರಿಕದಲ್ಲಿಯೂ ವೃತ್ತಿ ನಡೆಸುತ್ತ, ಹವ್ಯಾಸಿ ರಂಗಭೂಮಿಯಲ್ಲಿ ದೀರ್ಘಕಾಲ ದುಡಿದು, 1969ರಲ್ಲಿ, ತಮ್ಮ ನಲವತ್ತೆರಡನೆಯ ವಯಸ್ಸಿನಲ್ಲಿ, ಪೂರ್ಣಾವಧಿ ನಟರಾದರು. ಮರುವರ್ಷವೇ ಬಂದ ‘ನಟಸಾಮ್ರಾಟ್’ ನಾಟಕದ ಮುದುಕನ ಪಾತ್ರ ಅವರನ್ನು ಮರಾಠಿ ಜನರ ಮನಸ್ಸಿನಲ್ಲಿ ಶಾಶ್ವತಗೊಳಿಸಿತು. ಚಿತ್ರದುರ್ಗದ ಎಚ್. ಜಿ. ದತ್ತಾತ್ರೇಯರು, ಕನ್ನಡಿಗರ ಪ್ರೀತಿಯ ದತ್ತಣ್ಣ, ವಾಯುಸೇನೆಯಲ್ಲಿ ಎರಡು ದಶಕಗಳ ಸೇವೆ ಸಲ್ಲಿಸಿ ವಿಂಗ್ ಕಮಾಂಡರ್ ಹುದ್ದೆಗೇರಿದವರು. ಚಲನಚಿತ್ರಕ್ಕೆ ಬಂದುದು ನಲವತ್ತು ದಾಟಿದ ಬಳಿಕ. ವಾಣಿಜ್ಯ ಪದವೀಧರರಿಗೆ ಆಪ್ತವಾಗಬಹುದಾದ ಉದಾಹರಣೆ ತಮಿಳು ನಟ ವಿಜಯ್ ಸೇತುಪತಿಯವರದು. ಬಿ.ಕಾಂ. ಮುಗಿಸಿ, ದುಬೈಯಲ್ಲಿ ಲೆಕ್ಕಪತ್ರದ ಕೆಲಸ ಮಾಡಿ, ಚೆನ್ನೈಗೆ ಮರಳಿ ‘ಕೂತ್ತುಪ್ಪಟ್ಟರೈ’ ನಾಟಕ ತಂಡವನ್ನು ಅವರು ಲೆಕ್ಕಿಗರಾಗಿಯೇ ಸೇರಿದರು. ನಾಟಕದವರ ಜಮಾಖರ್ಚು ಬರೆಯುತ್ತ ನಾಟಕವನ್ನು ಕಲಿತರು.

ಮನಶ್ಶಾಸ್ತ್ರದ ಕ್ಷೇತ್ರದಲ್ಲಿಯೇ ಇದ್ದವರ ಮಾತು ಇನ್ನೂ ಬೋಧಪ್ರದ. ಪುಣೆಯ ಡಾಕ್ಟರ್ ಮೋಹನ ಆಗಾಶೆಯವರು ಬಿ. ಜೆ. ವೈದ್ಯಕೀಯ ಕಾಲೇಜಿನಲ್ಲಿ ಮನೋವೈದ್ಯಶಾಸ್ತ್ರದ ಪ್ರಾಧ್ಯಾಪಕರಾಗಿದ್ದವರು. 1972ರಲ್ಲಿ ರಂಗಕ್ಕೆ ಬಂದ ‘ಘಾಶೀರಾಮ ಕೊತ್ವಾಲ’ದಲ್ಲಿ ನಾನಾ ಫಡ್ನವೀಸನಾಗಿ ಪ್ರಖ್ಯಾತರಾದವರು. ಎರಡು ದೋಣಿಯಲ್ಲಿ ಕಾಲಿಟ್ಟವನು ಮುಳುಗುತ್ತಾನೆಂಬ ಗಾದೆಯನ್ನು ಅವರು ಸುಳ್ಳಾಗಿಸಿದರು. ಮರೆವಿನ ರೋಗಕ್ಕೆ ತುತ್ತಾದ ಸಂಸ್ಕೃತ ಪಂಡಿತನ ಪಾತ್ರವನ್ನು ಅವರು ‘ಅಸ್ತು’ ಚಿತ್ರದಲ್ಲಿ ಅಭಿನಯಿಸಿದರು. ಖಿನ್ನತೆಯನ್ನು ಕುರಿತ ‘ಕಾಸವ’ ಚಿತ್ರದ ನಿರ್ಮಾಣದಲ್ಲಿ ಭಾಗಿಯಾದರು. ಅದಕ್ಕೆ 2017ರಲ್ಲಿ ಸ್ವರ್ಣಕಮಲ ಪ್ರಕಟವಾಯಿತು. ಶಿವಮೊಗ್ಗದಲ್ಲಿ ಮನೋವೈದ್ಯರಾಗಿದ್ದ ಡಾಕ್ಟರ್ ಅಶೋಕ ಪೈ ಅವರು (ನಿಧನ 2016) ಬಣ್ಣ ಹಚ್ಚದಿದ್ದರೂ ಸುರೇಶ ಹೆಬ್ಳೀಕರರೊಡನೆ ‘ಕಾಡಿನ ಬೆಂಕಿ’ಯಂಥ ಚಿತ್ರಗಳ ಮೂಲಕ ಮನಸ್ಸಿನ ಕಾಯಿಲೆಯ ವಿಚಾರವನ್ನು ಕನ್ನಡದ ಬೆಳ್ಳಿತೆರೆಗೆ ತಂದರು. ಚಿಕಿತ್ಸಾಲಯದ ಬಾಗಿಲನ್ನು ಮುಚ್ಚಲಿಲ್ಲ. ಈ ಇಬ್ಬರೂ ವಿದ್ಯೆಯನ್ನು ತೊರೆಯದೆ ಅದರ ಅಂಗಳವನ್ನು ಹಿಗ್ಗಿಸಿದರು.

ಬಿಟ್ಟುಹೋದರೆ ಆಗುವ ನಷ್ಟ

“ಒಬ್ಬ ಮನಶ್ಶಾಸ್ತ್ರಜ್ಞೆ ನಟಿಯಾದರೆ ಲೋಕಕ್ಕೇನು ನಷ್ಟ?” ಎಂದು ಯುವಜನರು ಕೇಳುವುದುಂಟು. ನಷ್ಟವಿದೆ, ಅದನ್ನು ಮರೆಮಾಚಬಾರದು. ಬೆಂಗಳೂರಿನ ನಿಮ್ಹಾನ್ಸ್ ಸಂಸ್ಥೆ ತಮಿಳುನಾಡೂ ಸೇರಿದಂತೆ ಹನ್ನೆರಡು ರಾಜ್ಯಗಳಲ್ಲಿ 2015-16ರಲ್ಲಿ ನಡೆಸಿದ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಮೀಕ್ಷೆಯ ಪ್ರಕಾರ ವಯಸ್ಕರಲ್ಲಿ ಶೇಕಡ 10.6 ಮಂದಿ ಒಂದಲ್ಲ ಒಂದು ಮಾನಸಿಕ ಅಸ್ವಾಸ್ಥ್ಯದಿಂದ ಬಳಲುತ್ತಿದ್ದರು. ಚಿಕಿತ್ಸೆ ಬೇಕಾದವರಲ್ಲಿ, ಕಾಯಿಲೆಯ ಬಗೆಯನ್ನನುಸರಿಸಿ, ಶೇಕಡ 70ರಿಂದ 92ರಷ್ಟು ಜನರಿಗೆ ಅದು ದೊರೆತಿರಲಿಲ್ಲ. ನೀರು ಕಡಮೆಯಿರುವ ಊರಿನಲ್ಲಿ ಒಂದು ಬಾವಿ ಮುಚ್ಚಿದರೂ ಅದರ ಅರಿವು ಎಲ್ಲರಿಗೂ ಆಗುತ್ತದೆ.

ಹೊರನಾಡ ಕನ್ನಡಿಗರಿಗಂತೂ ಈ ನಷ್ಟ ಎರಡು ಪಟ್ಟು. ಮುರಿದ ಕಾಲಿಗೆ ಕಟ್ಟು ಹಾಕುವ ವೈದ್ಯ ಯಾವ ಭಾಷೆಯವನಾದರೂ ಆದೀತು. ಮನಸ್ಸಿನ ಚಿಕಿತ್ಸೆಯಲ್ಲಿ ಮಾತೇ ಔಷಧ, ಮಾತೇ ಶಸ್ತ್ರ. ಮಗನ ಮನೆಯಲ್ಲಿರಲೆಂದು ಹಾಸನದಿಂದಲೋ ಹಾವೇರಿಯಿಂದಲೋ ಚೆನ್ನೈಗೆ ಬಂದು, ನೆರೆಹೊರೆಯ ಭಾಷೆ ತಿಳಿಯದೆ ನಾಲ್ಕು ಗೋಡೆಗಳ ನಡುವೆ ಮಂಕಾಗಿ ಕುಳಿತ ಅಜ್ಜಿ ತನ್ನ ಸಂಕಟವನ್ನು ತೋಡಿಕೊಳ್ಳಬಲ್ಲುದು ಕನ್ನಡದಲ್ಲಿ ಮಾತ್ರ. “ಎದೆ ಭಾರ”, “ಜೀವ ಹಿಂಡಿದ ಹಾಗೆ” ಎಂಬ ಆಕೆಯ ಮಾತುಗಳನ್ನು ಅನುವಾದಿಸಿದರೆ ಅರ್ಥ ಉಳಿದೀತು, ನೋವು ಉಳಿಯದು. ಈ ನಗರದಲ್ಲಿ ಕನ್ನಡ ಬಲ್ಲ ಒಬ್ಬ ಆಪ್ತಸಲಹೆಗಾರ್ತಿ ಅಂಥವರ ಪಾಲಿಗೆ ಎಷ್ಟು ದೊಡ್ಡ ಆಸರೆಯೆಂಬುದನ್ನು ಹೇಳಬೇಕಾಗಿಲ್ಲ. (ಇಂಥವರ ನೆರವಿಗಾಗಿ ಕೇಂದ್ರ ಸರಕಾರ 2022ರ ಅಕ್ಟೋಬರ್ 10ರಂದು ಆರಂಭಿಸಿದ ‘ಟೆಲಿ ಮಾನಸ್’ ಉಚಿತ ದೂರವಾಣಿ 14416ರಲ್ಲಿ ಕನ್ನಡದಲ್ಲಿಯೂ ಮಾತನಾಡಬಹುದು, ಓದುಗರು ಈ ಸಂಖ್ಯೆಯನ್ನು ಗುರುತು ಮಾಡಿಟ್ಟುಕೊಳ್ಳುವುದು ಒಳಿತು.)

ಮಾಧವರಂನಿಂದ ಕೋಡಂಬಾಕ್ಕಂ ಚಿತ್ರೋದ್ಯಮದ ಕಡೆಗೆ ಹೊರಟವರಿಗೆ ದಾರಿಯ ನಡುವೆ ಕೀಳ್ಪಾಕ್ಕಂ ಸಿಗುತ್ತದೆ. ಅಲ್ಲಿಯ ಸರಕಾರಿ ಮಾನಸಿಕ ಆರೋಗ್ಯ ಸಂಸ್ಥೆಯ ಮೂಲ 1794ರಷ್ಟು ಹಿಂದಕ್ಕೆ ಹೋಗುತ್ತದೆ. ಮಂಗಳೂರಿನಲ್ಲಿ ಹುಟ್ಟಿ, ಬೆಂಗಳೂರಿನಲ್ಲಿ ಮನೋವೈದ್ಯಶಾಸ್ತ್ರ ಕಲಿತು, ದೇಶದ ಮೊದಲ ಮಹಿಳಾ ಮನೋವೈದ್ಯೆಯೆನಿಸಿದ ಡಾಕ್ಟರ್ ಶಾರದಾ ಮೆನನ್ (1923-2021) ಆ ಆಸ್ಪತ್ರೆಯ ಮುಖ್ಯಸ್ಥೆಯಾಗಿದ್ದರು. 1978ರಲ್ಲಿ ನಿವೃತ್ತರಾದ ಮೇಲೆ 1984ರಲ್ಲಿ ‘ಸ್ಕಾರ್ಫ್’ ಸಂಸ್ಥೆಯನ್ನು ಕಟ್ಟಿದರು. ಆ ಸಂಸ್ಥೆ ಮಾನಸಿಕ ಆರೋಗ್ಯವನ್ನು ಕುರಿತ ಚಲನಚಿತ್ರೋತ್ಸವಗಳನ್ನೂ ನಡೆಸಿದೆ. ಕೀಳ್ಪಾಕ್ಕಂ ಮತ್ತು ಕೋಡಂಬಾಕ್ಕಂಗಳು ಒಂದನ್ನು ಬಿಟ್ಟರೆ ಮಾತ್ರ ಇನ್ನೊಂದು ಸಿಗುವಂಥ ಊರುಗಳಲ್ಲ.

ಬಳಲಿಕೆಯೋ, ಬಯಕೆಯೋ?

ವೃತ್ತಿ ಬಿಡಲು ಹೊರಟವರು ಮೊದಲು ಮಾಡಿಕೊಳ್ಳಬೇಕಾದ ಆತ್ಮಪರೀಕ್ಷೆಯೊಂದಿದೆ. ತಮ್ಮನ್ನು ಅಭಿನಯ ಕರೆಯುತ್ತಿದೆಯೋ ಅಥವಾ ಕೆಲಸ ಅಟ್ಟುತ್ತಿದೆಯೋ? ದಿನಕ್ಕೆ ಏಳೆಂಟು ಜನರ ಕಣ್ಣೀರನ್ನು ಕಂಡು, ಸಂಜೆ ಮನೆಗೆ ಬಂದಾಗ ಮಾತೇ ಬೇಡವೆನಿಸುವ ಬಳಲಿಕೆ ಈ ವೃತ್ತಿಯಲ್ಲಿ ಸಹಜ. ನಿದ್ರೆಗೇಡು, ಕಾರಣವಿಲ್ಲದ ಸಿಡುಕು, ಬೆಳಿಗ್ಗೆ ಕೆಲಸಕ್ಕೆ ಹೊರಡಲು ಹಿಂಜರಿಕೆ, ನೊಂದವರ ಮಾತು ಕಿವಿಗೆ ಬಿದ್ದರೂ ಮನಸ್ಸಿಗೆ ತಾಗದಿರುವುದು, ಇವು ಅದರ ಲಕ್ಷಣಗಳು. ಅಂಥ ಬಳಲಿಕೆಗೆ ಮದ್ದು ವಿಶ್ರಾಂತಿ, ಹಿರಿಯ ಸಹೋದ್ಯೋಗಿಗಳ ಮಾರ್ಗದರ್ಶನ ಮತ್ತು ರೋಗಿಗಳ ಸಂಖ್ಯೆಯ ಮಿತಿ. ಬಳಲಿಕೆಯಿಂದ ಓಡಿಹೋದವರನ್ನು ರಂಗಭೂಮಿಯಲ್ಲಿಯೂ ಅದೇ ಬಳಲಿಕೆ ಕಾದಿರುತ್ತದೆ; ಅಲ್ಲಿ ಅದರ ಜೊತೆಗೆ ತಿರಸ್ಕಾರವೂ ಸೇರಿಕೊಳ್ಳುತ್ತದೆ.

ಬಯಕೆ ನಿಜವಾದದ್ದಾದರೆ ಅದಕ್ಕೆ ಬೇರೆಯೇ ಗುರುತುಗಳಿರುತ್ತವೆ. ಕಾಲೇಜಿನ ದಿನಗಳಿಂದ ನಾಟಕದ ತಾಲೀಮು ತಪ್ಪಿಸಿರುವುದಿಲ್ಲ. ಎರಡು ಮಾತಿನ ಸೇವಕನ ಪಾತ್ರ ಕೊಟ್ಟರೂ ಬೇಸರಪಟ್ಟಿರುವುದಿಲ್ಲ. ಪರದೆ ಎಳೆಯುವುದು, ಕುರ್ಚಿ ಜೋಡಿಸುವುದು ಹೀನವೆನಿಸಿರುವುದಿಲ್ಲ. ಇಂಥ ಐದಾರು ವರ್ಷಗಳ ಸಾಕ್ಷ್ಯವಿದ್ದರೆ ಹಿರಿಯರು ಅದನ್ನು ಗೌರವಿಸಬೇಕು. ಕನ್ನಡಿಯ ಮುಂದೆ ಮಾತ್ರ ಅಭಿನಯಿಸಿದವರ ಉತ್ಸಾಹಕ್ಕೆ ಆತುರದ ಒಪ್ಪಿಗೆಯನ್ನೂ ಆತುರದ ನಿಷೇಧವನ್ನೂ ಕೊಡಬಾರದು.

ಗುಟ್ಟೆಂಬ ಠೇವಣಿ

ಈ ವೃತ್ತಿಪಲ್ಲಟದಲ್ಲಿ ಹೆಚ್ಚಿನವರು ಗಮನಿಸದ ಧರ್ಮಸೂಕ್ಷ್ಮವೊಂದಿದೆ. ಆಪ್ತಸಲಹೆಗಾರನ ಬಳಿ ಜನರು ಇಟ್ಟುಹೋದ ಮಾತುಗಳು ಠೇವಣಿಯಿದ್ದಂತೆ. ಠೇವಣಿಯ ಹಣ ಬ್ಯಾಂಕಿನ ತಿಜೋರಿಯಲ್ಲಿದ್ದರೂ ಅದು ಬ್ಯಾಂಕಿನ ನೌಕರನ ಸ್ವತ್ತಲ್ಲ. ಆತ ಕೆಲಸ ಬಿಟ್ಟಾಗ ಅದರಲ್ಲಿ ಒಂದು ಬಿಡಿಕಾಸನ್ನೂ ಒಯ್ಯುವಂತಿಲ್ಲ. ಹಾಗೆಯೇ ಮನಶ್ಶಾಸ್ತ್ರಜ್ಞೆ ನಟಿಯಾದಾಗ, ತನ್ನ ಎದುರು ಅತ್ತ ಹೆಂಗಸಿನ ಬಿಕ್ಕಳಿಕೆಯನ್ನು, ತಡವರಿಸಿದ ಯುವಕನ ಕೈಬೆರಳಿನ ಚಡಪಡಿಕೆಯನ್ನು ಇದ್ದುದಿದ್ದಂತೆ ರಂಗದ ಮೇಲಿಡಬಹುದೇ? ಖಂಡಿತ ಕೂಡದು. ಚಿಕಿತ್ಸೆಯ ವಿವರಗಳು ಗೌಪ್ಯವಾಗಿರುವುದು ರೋಗಿಯ ಹಕ್ಕೆಂದು 2017ರ ಮಾನಸಿಕ ಆರೋಗ್ಯ ಪಾಲನಾ ಕಾಯಿದೆ ಸಾರಿದೆ. ಕಾಯಿದೆ ಇಲ್ಲದಿದ್ದರೂ ಮನಸ್ಸಾಕ್ಷಿ ಅದನ್ನೇ ಹೇಳುತ್ತದೆ. ಹೆಸರು, ಊರು ಬದಲಾಯಿಸಿದ ಮಾತ್ರಕ್ಕೆ ಗುಟ್ಟು ಉಳಿಯುವುದಿಲ್ಲ. ಸಣ್ಣ ಸಮಾಜದಲ್ಲಿ ಒಂದು ನಡೆ, ಒಂದು ನುಡಿ ಸಾಕು, ಗುರುತು ಹಿಡಿಯುವವರು ಹಿಡಿಯುತ್ತಾರೆ. ತನ್ನ ನೋವು ವೇಷವಾಗಿ ಬಂದುದನ್ನು ಕಂಡ ವ್ಯಕ್ತಿ ಇನ್ನು ಯಾವ ವೈದ್ಯನ ಬಳಿಗೂ ಹೋಗಲಾರ.

ಹಾಗಾದರೆ ಓದಿದ ವಿದ್ಯೆಯಿಂದ ನಟಿಗೆ ಪ್ರಯೋಜನವೇನು? ಬೇಕಾದಷ್ಟಿದೆ. ಎದುರಿನ ಪಾತ್ರಧಾರಿಯ ಮಾತನ್ನು ಕಿವಿಗೊಟ್ಟು ಕೇಳುವ ಶಕ್ತಿ ಆಕೆಗೆ ಬಂದಿರುತ್ತದೆ. ಕೆಟ್ಟ ಪಾತ್ರವನ್ನೂ ಹಳಿಯದೆ ಅರ್ಥಮಾಡಿಕೊಳ್ಳುವ ಸಹನೆ ಬಂದಿರುತ್ತದೆ. ಮಾನಸಿಕ ಅಸ್ವಸ್ಥರನ್ನು ನಗೆಪಾಟಲು ಮಾಡುವ, ಇಲ್ಲವೆ ಕೊಲೆಗಡುಕರೆಂಬಂತೆ ಚಿತ್ರಿಸುವ ಸಂಭಾಷಣೆ ಕೈಗೆ ಬಂದಾಗ “ಇದು ಸರಿಯಲ್ಲ” ಎಂದು ಹೇಳುವ ಅಧಿಕಾರವೂ ಇರುತ್ತದೆ. ಒಯ್ಯಬಹುದಾದುದು ನೋಟವನ್ನು, ನೋಡಿದ ವ್ಯಕ್ತಿಯನ್ನಲ್ಲ.

ಜಮಾಖರ್ಚಿನ ಮಾತು

ಕಲೆಯ ವಿಚಾರದಲ್ಲಿ ಹಣದ ಮಾತೆತ್ತುವುದು ಅರಸಿಕತನವೆಂದು ಕೆಲವರ ಭಾವನೆ. ಆದರೆ ಹೊಟ್ಟೆಯ ಚಿಂತೆ ಹೊತ್ತ ನಟನಿಗಿಂತ ಅರಸಿಕನಾದ ನಟ ಮತ್ತೊಬ್ಬನಿಲ್ಲ. ಆತ ಸಿಕ್ಕಿದ ಪಾತ್ರವನ್ನೆಲ್ಲ ಒಪ್ಪಬೇಕಾಗುತ್ತದೆ. ಆದುದರಿಂದ ಕೆಲವು ವ್ಯಾವಹಾರಿಕ ಸೂಚನೆಗಳು ಅಪ್ರಸ್ತುತವಾಗಲಾರವು.

ಒಂದನೆಯದು, ವಿದ್ಯಾಭ್ಯಾಸ ಸಾಲ. ಬ್ಯಾಂಕುಗಳ ಮಾದರಿ ಯೋಜನೆಯಲ್ಲಿ ವ್ಯಾಸಂಗ ಮುಗಿದು ಒಂದು ವರ್ಷದ ಬಳಿಕ ಕಂತು ಆರಂಭವಾಗುತ್ತದೆ. ಮಗಳು ಮನಶ್ಶಾಸ್ತ್ರಜ್ಞೆಯಾಗಿಯೇ ಉಳಿದಳೋ ನಟಿಯಾದಳೋ ಎಂದು ಸಾಲದ ಖಾತೆ ಕೇಳುವುದಿಲ್ಲ. ಕಂತು ತಪ್ಪಿದರೆ ಸಹಸಾಲಗಾರನಾದ ತಂದೆಯ ಹೆಸರಿಗೂ ಕಳಂಕ ಬರುತ್ತದೆ. ಆ ಸಾಲ ತೀರಿದ ಮೇಲೆ, ಅಥವಾ ಅದರ ಕಂತುಗಳಿಗೆ ಬೇರೆ ವ್ಯವಸ್ಥೆಯಾದ ಮೇಲೆ, ಹೊಸ ದಾರಿ ತುಳಿಯುವುದು ನ್ಯಾಯ.

ಎರಡನೆಯದು, ಆಪತ್ಕಾಲದ ನಿಧಿ. ಕನಿಷ್ಠ ಎರಡು ವರ್ಷಗಳ ಊಟ, ಬಾಡಿಗೆ, ಔಷಧದ ಖರ್ಚು ಕೈಯಲ್ಲಿರದೆ ಸಂಬಳವನ್ನು ಬಿಡಬಾರದು. ಸಾಲ ಮಾಡಿ ನಟನಾಗಲು ಹೊರಡುವುದು, ಮನೆಯ ಮೇಲೆ ಸಾಲ ತೆಗೆದು ಕಿರುಚಿತ್ರ ತೆಗೆಯುವುದು, ಇವು ಕಲಾಸೇವೆಯಲ್ಲ, ಜೂಜು.

ಮೂರನೆಯದು, ಆರೋಗ್ಯವಿಮೆ. ನೌಕರಿ ಬಿಟ್ಟ ದಿನವೇ ಸಂಸ್ಥೆ ಕೊಡಿಸಿದ್ದ ವಿಮೆ ಬಿಟ್ಟುಹೋಗುವುದು ಸಾಮಾನ್ಯ. ಅದಕ್ಕೆ ಮುನ್ನವೇ ಸ್ವಂತ ವಿಮೆ ಮಾಡಿಸಿಕೊಳ್ಳಬೇಕು. ದೈಹಿಕ ಕಾಯಿಲೆಗಳಂತೆಯೇ ಮಾನಸಿಕ ಕಾಯಿಲೆಗಳಿಗೂ ವಿಮೆಯ ರಕ್ಷಣೆ ಇರಬೇಕೆಂದು 2017ರ ಅದೇ ಕಾಯಿದೆ ವಿಧಿಸಿರುವುದನ್ನು ನೆನಪಿಡಬೇಕು.

ನಾಲ್ಕನೆಯದು ಎಲ್ಲಕ್ಕಿಂತ ಮುಖ್ಯ. ಚಿಕಿತ್ಸಾ ಮನಶ್ಶಾಸ್ತ್ರಜ್ಞರು 1992ರ ಕಾಯಿದೆಯಂತೆ ಭಾರತೀಯ ಪುನರ್ವಸತಿ ಮಂಡಳಿಯಲ್ಲಿ ನೋಂದಾಯಿತರಾಗಿರುತ್ತಾರೆ. ಆ ನೋಂದಣಿಯನ್ನು ಕಾಲಕಾಲಕ್ಕೆ ನವೀಕರಿಸಬೇಕು, ಅದಕ್ಕಾಗಿ ಕಲಿಕೆಯನ್ನು ಮುಂದುವರಿಸಿರಬೇಕು. ನಾಟಕದ ಅಮಲಿನಲ್ಲಿ ಇದನ್ನು ಕೈಬಿಟ್ಟವರಿಗೆ ಮರಳುವ ಬಾಗಿಲು ಕಿರಿದಾಗುತ್ತದೆ. ವಾರಕ್ಕೆ ಒಂದೆರಡು ದಿನವಾದರೂ ಸಲಹಾಕಾರ್ಯವನ್ನು ಇಟ್ಟುಕೊಂಡವರಿಗೆ ವಿದ್ಯೆಯ ಸವಕಳಿಯೂ ಇಲ್ಲ, ಹೊಟ್ಟೆಯ ಚಿಂತೆಯೂ ಇಲ್ಲ.

ನಟನ ಆರೋಗ್ಯ

ಅಭಿನಯ ವೃತ್ತಿಯಲ್ಲಿ ಊಟಕ್ಕೆ ಹೊತ್ತಿಲ್ಲ, ನಿದ್ರೆಗೆ ಗೊತ್ತಿಲ್ಲ. ರಾತ್ರಿಯ ಚಿತ್ರೀಕರಣ, ಬಿಸಿಲಿನಲ್ಲಿ ಗಂಟೆಗಟ್ಟಲೆ ಕಾಯುವಿಕೆ, ಒಂದು ತಿಂಗಳು ಬಿಡುವಿಲ್ಲದ ದುಡಿಮೆ, ಮೂರು ತಿಂಗಳು ಬರಿದೆ ಕೂರುವಿಕೆ. ಪರೀಕ್ಷೆಯಲ್ಲಿ ನಪಾಸಾದವನಿಗೆ ಯಾವ ಪ್ರಶ್ನೆ ತಪ್ಪಾಯಿತೆಂದು ತಿಳಿಯುತ್ತದೆ. ಪಾತ್ರ ಸಿಗದವನಿಗೆ ಕಾರಣವನ್ನು ಯಾರೂ ಹೇಳುವುದಿಲ್ಲ. ಮುಖವನ್ನೇ, ಮೈಬಣ್ಣವನ್ನೇ ನಿರಾಕರಿಸಿದಂತೆ ಅದು ಚುಚ್ಚುತ್ತದೆ.

ಇದಕ್ಕೆ ಕೆಲವು ಸರಳ ನಿಯಮಗಳು ಸಾಕು. ಕೆಲಸವಿಲ್ಲದ ದಿನಗಳಲ್ಲಿಯೂ ಏಳುವ, ಉಣ್ಣುವ, ಮಲಗುವ ಹೊತ್ತುಗಳನ್ನು ಕಾಪಾಡಿಕೊಳ್ಳುವುದು. ಧ್ವನಿಗೆ ದಣಿವಾದಾಗ ಕೂಗದೆ ಮೌನದಿಂದಿರುವುದು, ಆಗಾಗ ನೀರು ಕುಡಿಯುವುದು. ಗಂಟಲು ಬಿಗಿತ ಎರಡು ಮೂರು ವಾರ ಕಳೆದರೂ ಹೋಗದಿದ್ದರೆ ತಜ್ಞರಿಗೆ ತೋರಿಸುವುದು. ನಿದ್ರೆಗಾ­ಗಿ ಮದ್ಯದ ನೆರವು ಪಡೆಯದಿರುವುದು. ಇನ್ನೊಂದು, ಪಾತ್ರದಿಂದ ಹೊರಬರುವ ಕ್ರಮ. ಯಕ್ಷಗಾನದ ಕಲಾವಿದರು ಆಟ ಮುಗಿದ ಮೇಲೆ ಚೌಕಿಯಲ್ಲಿ ಕುಳಿತು ಕಿರೀಟ ಇಳಿಸಿ, ಎಣ್ಣೆ ಸವರಿ ಬಣ್ಣ ಒರೆಸಿಕೊಳ್ಳುತ್ತಾರೆ. ಅಷ್ಟು ಹೊತ್ತಿನಲ್ಲಿ ರಾವಣನು ಕರಗಿ ಮನೆಗೆ ಹೋಗಬೇಕಾದ ಮನುಷ್ಯ ಹೊರಬರುತ್ತಾನೆ. ಕ್ಯಾಮರಾದ ಮುಂದೆ ಅಭಿನಯಿಸುವವರಿಗೂ ಅಂಥ ಅರ್ಧಗಂಟೆಯ ಬಿಡುಗಡೆ ಬೇಕು. ಮನಶ್ಶಾಸ್ತ್ರ ಬಲ್ಲವರಿಗೆ ಇದರ ಮಹತ್ವವನ್ನು ವಿವರಿಸಬೇಕಾಗಿಲ್ಲ; ಆದರೆ ಬಲ್ಲವರೇ ಆಚರಣೆಯಲ್ಲಿ ಹಿಂದುಳಿಯುವುದು ಲೋಕರೂಢಿ.

ಸಂಘಗಳ ಕರ್ತವ್ಯ

ಮೇಲೆ ಹೇಳಿದವರಲ್ಲಿ ಹಲವರ ಬಾಳಿನಲ್ಲಿ ನೌಕರಿಯ ದಡಕ್ಕೂ ಕಲೆಯ ದಡಕ್ಕೂ ನಡುವೆ ಸೇತುವೆಯಾಗಿದ್ದುದು ರಂಗತಂಡಗಳ ಒಡನಾಟ. ಆ ಸೇತುವೆಯನ್ನು ಕಟ್ಟಬಲ್ಲವರು ಹೊರನಾಡಿನ ಕನ್ನಡ ಸಂಘಗಳು. ರಾಜ್ಯೋತ್ಸವದ ದಿನ ಅರ್ಧಗಂಟೆಯ ಹಾಸ್ಯ ನಾಟಕವಾಡಿ, ಹಾರ ಹಾಕಿ, ಊಟಕ್ಕೆ ಏಳುವುದರಿಂದ ಆ ಕೆಲಸ ಆಗದು. ವರ್ಷಕ್ಕೆ ಒಂದಾದರೂ ಪೂರ್ಣಪ್ರಮಾಣದ ನಾಟಕಕ್ಕೆ ಮೂರು ತಿಂಗಳ ತಾಲೀಮು ನಡೆಯಲಿ. 1980ರಿಂದ ರಂಗಶಿಕ್ಷಣ ಕೊಡುತ್ತ ಬಂದಿರುವ ಹೆಗ್ಗೋಡಿನ ನೀನಾಸಂನಲ್ಲಿ ಕಲಿತವರನ್ನು ಕರೆಸಿ ಶಿಬಿರ ಏರ್ಪಡಿಸಲಿ. ಅಭಿನಯದ ಬಯಕೆಯುಳ್ಳ ಮಗ, ಮಗಳು ನೌಕರಿಯಲ್ಲಿದ್ದುಕೊಂಡೇ ತಮ್ಮ ಶಕ್ತಿಯನ್ನು ಅಲ್ಲಿ ಪರೀಕ್ಷಿಸಿಕೊಳ್ಳಲಿ. ಚಪ್ಪಾಳೆ ಮನೆಯವರದೋ ಅಪರಿಚಿತರದೋ ಎಂಬುದು ಎರಡು ವರ್ಷಗಳಲ್ಲಿ ತಾನಾಗಿಯೇ ತಿಳಿಯುತ್ತದೆ. ಅದೇ ಸಂಘದ ಕಟ್ಟಡದಲ್ಲಿ ತಿಂಗಳಿಗೊಂದು ಭಾನುವಾರ ಕನ್ನಡದಲ್ಲಿ ಆಪ್ತಸಲಹೆ ನೀಡುವ ಏರ್ಪಾಡಾದರೆ, ಮನಶ್ಶಾಸ್ತ್ರ ಓದಿದವರು ಬೆಳಿಗ್ಗೆ ಅಜ್ಜಿಯ ಮಾತು ಕೇಳಿ, ಸಂಜೆ ತಾಲೀಮಿಗೆ ನಿಲ್ಲಬಹುದು.

ಹಿರಿಯರಲ್ಲಿ ವಿನಂತಿಯಿಷ್ಟೇ: ಮಗಳ ಓದಿಗೆ ಹೂಡಿದ ಬಂಡವಾಳ ಮುಳುಗಿತೆಂದು ಹಲುಬುವುದು ಬೇಡ. ಹಣ ಕಳೆದುಹೋದೀತು, ವಿದ್ಯೆಯನ್ನು ಅದನ್ನು ಪಡೆದವರೇ ಕೈಯಾರೆ ಎಸೆಯಬೇಕು. ಆಕೆಗೆ ಎರಡು ವರ್ಷಗಳ ಅವಧಿಯನ್ನೂ, ಅಷ್ಟು ಕಾಲ ದಿನವೂ ಕೆಣಕದಿರುವ ಸೌಜನ್ಯವನ್ನೂ ಕೊಡಬೇಕು. ಕಿರಿಯರು ನೆನಪಿಡಬೇಕಾದುದೂ ಇಷ್ಟೇ: ಸಾಲ ತೀರಿಸಿ ಹೊರಡಬೇಕು, ನಂಬಿ ನುಡಿದವರ ಗುಟ್ಟನ್ನು ಕಾಯಬೇಕು, ನೋಂದಣಿಯನ್ನು ಉಳಿಸಿಕೊಳ್ಳಬೇಕು. ಇಷ್ಟು ನಡೆದರೆ ಸಮಾಜಕ್ಕೆ ಮನಸ್ಸನ್ನು ಬಲ್ಲ ನಟಿಯೊಬ್ಬಳು ದೊರೆಯುತ್ತಾಳೆ, ಮತ್ತು ಕನ್ನಡದಲ್ಲಿ ಕಿವಿಗೊಡುವ ಆಪ್ತಸಲಹೆಗಾರ್ತಿಯೂ ಉಳಿಯುತ್ತಾಳೆ.